ಪ್ರಾಮಿಪೆಕ್ಸೋಲ್‌ನಲ್ಲಿ ಡೋಪಮೈನ್ ಇಲ್ಲದಿದ್ದರೆ ಅದು ಕೆಲಸ ಮಾಡುವುದು ಹೇಗೆ?

ತಂದೆಯವರ ಪಾರ್ಕಿನ್ಸನ್ ಕಾಯಿಲೆಗೆ ಕೊಟ್ಟಿರುವ ಪ್ರಾಮಿಪೆಕ್ಸೋಲ್ ಮಾತ್ರೆಯಲ್ಲಿ ಡೋಪಮೈನ್ (ಈ ಕಾಯಿಲೆಯಲ್ಲಿ ಮಿದುಳಿನಲ್ಲಿ ಕಡಿಮೆಯಾಗುವ, ನರಕೋಶಗಳ ನಡುವೆ ಸಂದೇಶ ಒಯ್ಯುವ ರಾಸಾಯನಿಕ) ಇಲ್ಲವೆಂದ ಮೇಲೆ ಅದು ಹೇಗೆ ಕೆಲಸ ಮಾಡುತ್ತದೆ, ಆಯ್ದ ಗ್ರಾಹಕಗಳನ್ನು (ಇಂಥ ರಾಸಾಯನಿಕ ಬಂದು ಅಂಟಿಕೊಳ್ಳುವ, ನರಕೋಶದ ಮೇಲಿನ ತಾಣಗಳನ್ನು) ಮಾತ್ರ ಪ್ರಚೋದಿಸುವುದಾದರೆ ಅಡ್ಡಪರಿಣಾಮ ಕಡಿಮೆಯಲ್ಲವೇ ಎಂದು ಕೇಳಿದ್ದೀರಿ. ಔಷಧಶಾಸ್ತ್ರ ಬೋಧಿಸುವ ನನಗೆ ಎರಡನೆಯ ಪ್ರಶ್ನೆಯೇ ಮುಖ್ಯವೆನಿಸುತ್ತದೆ.

ಡೋಪಮೈನನ್ನೇ ಕೊಟ್ಟರೆ ಅದು ರಕ್ತದಿಂದ ಮಿದುಳಿಗೆ ದಾಟುವುದಿಲ್ಲ. ಪಾರ್ಕಿನ್ಸನ್‌ಗೆ ಕೊಡುವ ಇನ್ನೊಂದು ಔಷಧವಾದ ಲೆವೊಡೋಪಾ ದಾಟುತ್ತದೆಯಾದರೂ ಮಿದುಳಿನಲ್ಲಿ ಡೋಪಮೈನ್ ಆಗಿ ಮಾರ್ಪಟ್ಟ ಮೇಲಷ್ಟೇ ಅದರಿಂದ ಪ್ರಯೋಜನ. ಕೃತಕವಾಗಿ ರೂಪಿಸಿದ ಪ್ರಾಮಿಪೆಕ್ಸೋಲಿಗೆ ಆ ಮಾರ್ಪಾಡು ಬೇಕಿಲ್ಲ, ಅದು ತಾನೇ ಗ್ರಾಹಕಕ್ಕೆ ಅಂಟಿಕೊಂಡು ಅದನ್ನು ಚುರುಕುಗೊಳಿಸುತ್ತದೆ. ಐದು ಬಗೆಯ ಡೋಪಮೈನ್ ಗ್ರಾಹಕಗಳಲ್ಲಿ ಡಿ1 ಮತ್ತು ಡಿ5ರ ಗೊಡವೆಗೆ ಅದು ಹೋಗುವುದಿಲ್ಲ; ಡಿ2, ಡಿ3, ಡಿ4 ಸೇರಿದ ಡಿ2 ಗುಂಪಿಗೆ, ಅದರಲ್ಲೂ ಡಿ3ಕ್ಕೆ, ಬಿಗಿಯಾಗಿ ಅಂಟುತ್ತದೆ. ಈ ಆಯ್ಕೆಯಿಂದ ಲಾಭವಿಲ್ಲದಿಲ್ಲ: ಇದೇ ವರ್ಗದ, ಇದಕ್ಕಿಂತ ಹಳೆಯ ಔಷಧವಾದ ಪರ್ಗೋಲೈಡ್ ಸಿರೊಟೋನಿನ್ ಎಂಬ ಬೇರೊಂದು ರಾಸಾಯನಿಕದ ಗ್ರಾಹಕವೊಂದನ್ನೂ ಕೆರಳಿಸಿ ಹೃದಯದ ಕವಾಟಗಳಿಗೆ ಹಾನಿ ಮಾಡುತ್ತಿದ್ದ ಕಾರಣ 2007ರಲ್ಲಿ ಅಮೆರಿಕದ ಮಾರುಕಟ್ಟೆಯಿಂದ ಹಿಂದೆ ಸರಿಯಿತು.

ಆದರೆ ಔಷಧವು ಆಯ್ದುಕೊಳ್ಳುವುದು ಗ್ರಾಹಕದ ಬಗೆಯನ್ನೇ ಹೊರತು ಮಿದುಳಿನ ಜಾಗವನ್ನಲ್ಲ. ಡಿ3 ಗ್ರಾಹಕಗಳು ದಟ್ಟವಾಗಿರುವುದು ಚಲನೆಯನ್ನು ನಿಯಂತ್ರಿಸುವ ಭಾಗಕ್ಕಿಂತಲೂ ಆಸೆ, ಪ್ರತಿಫಲಗಳನ್ನು ನೋಡಿಕೊಳ್ಳುವ ಭಾಗದಲ್ಲಿ. ಆದ್ದರಿಂದಲೇ ಕೈನಡುಕ ತಗ್ಗುತ್ತಿರುವಾಗಲೇ ಕೆಲವರಲ್ಲಿ ಜೂಜು, ಖರೀದಿ, ತಿನ್ನುವಿಕೆ, ಲೈಂಗಿಕ ಬಯಕೆ ಹಿಡಿತ ತಪ್ಪುತ್ತವೆ. ಅಮೆರಿಕ ಮತ್ತು ಕೆನಡಾಗಳ 3,090 ರೋಗಿಗಳನ್ನು ಪರಿಶೀಲಿಸಿ 2010ರಲ್ಲಿ ಪ್ರಕಟವಾದ ಅಧ್ಯಯನವೊಂದರಲ್ಲಿ, ಡೋಪಮೈನ್ ಗ್ರಾಹಕಗಳನ್ನು ನೇರವಾಗಿ ಪ್ರಚೋದಿಸುವ ಈ ವರ್ಗದ ಔಷಧ ಸೇವಿಸುತ್ತಿದ್ದವರಲ್ಲಿ ಶೇ. 17.1 ಮಂದಿಗೂ ಸೇವಿಸದವರಲ್ಲಿ ಶೇ. 6.9 ಮಂದಿಗೂ ಇಂಥ ತೊಂದರೆ ಕಂಡುಬಂದಿತ್ತು. ರೋಗಿ ಇದನ್ನು ತಾನಾಗಿ ಹೇಳುವುದು ಅಪರೂಪ, ನಾಚಿಕೆಯೂ ಇರುತ್ತದೆ, ಎಷ್ಟೋ ಸಲ ಅದು ಮಾತ್ರೆಯ ಕೆಲಸವೆಂಬ ಅರಿವೇ ಇರುವುದಿಲ್ಲ. ಜೀವಮಾನದಲ್ಲಿ ಇಸ್ಪೀಟು ಮುಟ್ಟದವರು ನಡುರಾತ್ರಿ ಮೊಬೈಲಿನಲ್ಲಿ ರಮ್ಮಿ ಆಡುತ್ತಿದ್ದರೆ, ಪಾಸ್‌ಬುಕ್ಕಿನಲ್ಲಿ ಐನೂರು, ಸಾವಿರದ ಸಾಲುಗಳು ಒಂದರ ಕೆಳಗೊಂದು ಕಂಡರೆ, ಅವರನ್ನು ಗದರಿಸುವ ಮೊದಲು ನರರೋಗ ತಜ್ಞರಿಗೆ ತಿಳಿಸಿ. ಪ್ರಮಾಣ ಇಳಿಸಿದಾಗ ಹೆಚ್ಚಿನವರಲ್ಲಿ ಇದು ತಗ್ಗುತ್ತದೆ.

ಹಾಗೆಂದು ಗಾಬರಿಯಿಂದ ನೀವೇ ಮಾತ್ರೆ ನಿಲ್ಲಿಸಬೇಡಿ. ಒಮ್ಮೆಲೇ ಬಿಟ್ಟರೆ ತೀವ್ರ ಆತಂಕ, ಖಿನ್ನತೆ, ಬೆವರುವಿಕೆ ಕಾಣಿಸಿಕೊಳ್ಳಬಹುದು. ದಿನಕ್ಕೆ ಮೂರು ಬಾರಿ 0.125 ಮಿಲಿಗ್ರಾಂನಿಂದ ಆರಂಭಿಸಿ ಮೆಲ್ಲಗೆ ಏರಿಸುವಂತೆಯೇ ಇಳಿಸುವುದನ್ನೂ ವೈದ್ಯರ ಕಣ್ಗಾವಲಿನಲ್ಲಿ ಹಂತಹಂತವಾಗಿಯೇ ಮಾಡಬೇಕು. ಔಷಧದ ಶೇ. 90ರಷ್ಟು ಭಾಗ ಬದಲಾಗದೆ ಮೂತ್ರದಲ್ಲೇ ಹೊರಹೋಗುವುದರಿಂದ ಮೂತ್ರಪಿಂಡ ದುರ್ಬಲವಾಗಿದ್ದರೆ ಪ್ರಮಾಣ ಕಡಿಮೆಯಿರಬೇಕಾಗುತ್ತದೆ. ಮೂತ್ರಪಿಂಡದ ಸ್ಥಿತಿ ತಿಳಿಸುವ ಕ್ರಿಯಾಟಿನಿನ್ ರಕ್ತಪರೀಕ್ಷೆಯ ಹಳೆಯ ವರದಿಯಿದ್ದರೆ ಮುಂದಿನ ಭೇಟಿಗೆ ಒಯ್ಯಿರಿ. ಕೂತಲ್ಲೇ ಹಠಾತ್ತನೆ ನಿದ್ದೆಗೆ ಜಾರುವುದೂ ಉಂಟು, ಹಾಗಾಗಿ ತಂದೆಯವರು ಇನ್ನೂ ಸ್ಕೂಟರ್ ಓಡಿಸುತ್ತಿದ್ದರೆ ಅದನ್ನೂ ವೈದ್ಯರಿಗೆ ಹೇಳಿ.