ಅಪೀಲು ಡಿಸ್ಮಿಸ್ ಆಗಿದೆ, ಈಗ ಧಾರವಾಡಕ್ಕೆ ಹೋಗಬೇಕಾ?

ಪ್ರಶ್ನೆ: ಅಡಿಕೆ ತೋಟಕ್ಕೆ ಹೋಗುವ ದಾರಿಯ ಬಗ್ಗೆ ಪಕ್ಕದವರ ಜೊತೆ ನಮ್ಮ ವ್ಯಾಜ್ಯವಿದೆ. ಕೆಳಗಿನ ಕೋರ್ಟಿನಲ್ಲಿ ಸೋತ ಮೇಲೆ ಅಪ್ಪ ಶಿರಸಿಯ ಹಿರಿಯ ಸಿವಿಲ್ ಕೋರ್ಟಿನಲ್ಲಿ ಅಪೀಲು ಹಾಕಿದ್ದರು. ದಾರಿ ಮುಚ್ಚಬಾರದು ಎಂಬ ಮಧ್ಯಂತರ ಆದೇಶವೂ ಇತ್ತು. ಜೂನ್ ಮೊದಲ ವಾರ ಅಪ್ಪ ಮಂಗಳೂರಿನ ಆಸ್ಪತ್ರೆ ಸೇರಿ, ಜುಲೈ 10ಕ್ಕೆ ಮನೆಗೆ ಬಂದರು. ಸೆಪ್ಟೆಂಬರ್‌ನಲ್ಲಿ ಪಕ್ಕದವರು ಬೇಲಿಗೆ ಕಂಬ ಹುಗಿಯಲು ಬಂದಾಗಲೇ ನಮಗೆ ಗೊತ್ತಾಗಿದ್ದು, ಜೂನ್ 18ಕ್ಕೇ ಅಪೀಲು ವಜಾ ಆಗಿದೆ ಅಂತ. ಅವತ್ತು ವಕೀಲರೂ ಹೋಗಿರಲಿಲ್ಲವಂತೆ. ಎಲ್ಲ ಮುಗೀತಾ?
– ಓದುಗರು, ಶಿರಸಿ ತಾಲ್ಲೂಕು

ಉತ್ತರ: ಮುಗಿದಿಲ್ಲ. ಧಾರವಾಡದ ಹೈಕೋರ್ಟ್ ಪೀಠದ ದಾರಿಯನ್ನೂ ಸದ್ಯಕ್ಕೆ ಹಿಡಿಯಬೇಡಿ. ಮೊದಲು ಅದೇ ಕೋರ್ಟಿಗೆ ಹೋಗಿ ಜೂನ್ 18ರ ಆರ್ಡರ್ ಶೀಟಿನ ದೃಢೀಕೃತ ನಕಲು ತೆಗೆಸಿ.

ಕರೆದಾಗ ಅಪೀಲುದಾರರ ಕಡೆಯಿಂದ ಯಾರೂ ಬರಲಿಲ್ಲ ಎಂದಷ್ಟೇ ಬರೆದು ವಜಾ ಮಾಡಿದ್ದರೆ, ಅದು ಸಿವಿಲ್ ಪ್ರಕ್ರಿಯಾ ಸಂಹಿತೆಯ 41ನೇ ಆದೇಶ (ಅಂದರೆ ಅಧ್ಯಾಯ), 17ನೇ ನಿಯಮದ ಕೆಳಗೆ ಬರುತ್ತದೆ. ಅಪ್ಪನಿಗೆ ದಾರಿಯ ಹಕ್ಕು ಇದೆಯೋ ಇಲ್ಲವೋ ಎಂಬುದನ್ನು ಮೇಲಿನ ಕೋರ್ಟು ಇನ್ನೂ ನೋಡಿಯೇ ಇಲ್ಲ. ನೀವು ಗೈರಾದ ದಿನ ಅದನ್ನು ತೀರ್ಮಾನಿಸುವ ಅಧಿಕಾರವೂ ಅದಕ್ಕಿಲ್ಲ. 1976ರ ತಿದ್ದುಪಡಿ ಇದನ್ನು ಬಿಡಿಸಿ ಹೇಳಿದೆ. ಇಂಥ ವಜಾ ಆದೇಶ ಡಿಕ್ರಿಯಲ್ಲ, ಅಂದರೆ ಹಕ್ಕನ್ನು ತೀರ್ಮಾನಿಸಿದ ತೀರ್ಪಲ್ಲ. ಆದ್ದರಿಂದ ಹೈಕೋರ್ಟಿಗೆ ಎರಡನೇ ಅಪೀಲು ಹಾಕಲು ಬರುವುದಿಲ್ಲ. ಅದೇ ಕೋರ್ಟಿನಲ್ಲಿ 19ನೇ ನಿಯಮದಂತೆ ಅಪೀಲನ್ನು ಮತ್ತೆ ತೆಗೆದುಕೊಳ್ಳಿ ಎಂದು ಅರ್ಜಿ ಹಾಕಬೇಕು. ಗೈರಾಗಲು ಸಾಕಷ್ಟು ಕಾರಣವಿತ್ತು ಎಂದು ತೋರಿಸಿದರೆ ಕೋರ್ಟು ತೆಗೆದುಕೊಳ್ಳಲೇಬೇಕು. ಎದುರು ಪಕ್ಷಕ್ಕೆ ಒಂದಿಷ್ಟು ಖರ್ಚು ಕೊಡಿ ಎನ್ನಬಹುದು, ಅಷ್ಟೇ.

ನಿಮ್ಮ ಕಷ್ಟ ಇರುವುದು ಅವಧಿಯಲ್ಲಿ. ಈ ಅರ್ಜಿಗೆ ಇರುವುದು 30 ದಿನ. ಅದೂ ವಜಾ ಆದ ದಿನದಿಂದ, ನಿಮಗೆ ಗೊತ್ತಾದ ದಿನದಿಂದಲ್ಲ. ಹಾಗಾಗಿ ವಿಳಂಬ ಮನ್ನಿಸಿ ಎಂದು ಕಾಲಮಿತಿ ಕಾಯ್ದೆಯ 5ನೇ ಕಲಮಿನ ಅರ್ಜಿಯೂ ಜೊತೆಗಿರಬೇಕು.

ಅದರ ಅಫಿಡವಿಟ್ಟನ್ನು ಕೂತು ಬರೆಸಿ. ‘ಅನಾರೋಗ್ಯದ ನಿಮಿತ್ತ ಬರಲಾಗಲಿಲ್ಲ’ ಎಂಬ ಒಂದು ಸಾಲು ಸಾಲದು. ಜೂನ್ 18ಕ್ಕೆ ಡಿಸ್ಚಾರ್ಜ್ ಸಮ್ಮರಿ ಉತ್ತರ ಕೊಡುತ್ತದೆ. ಆದರೆ ಅಪ್ಪ ಜುಲೈ 10ಕ್ಕೇ ಮನೆಗೆ ಬಂದರಲ್ವಾ? ಆಗಸ್ಟ್ ಇಡೀ ತಿಂಗಳು ಏನಾಯಿತು? ಎದುರು ವಕೀಲರು ಕೇಳುವುದು ಇದನ್ನೇ. ಡಾಕ್ಟರು ವಿಶ್ರಾಂತಿ ಹೇಳಿದ್ದರೆ ಆ ಚೀಟಿ ಲಗತ್ತಿಸಿ. ವಕೀಲರಿಗೆ ಫೋನು, ಮೆಸೇಜು ಮಾಡಿದ್ದರೆ ತಾರೀಖು ಸಮೇತ ಹೇಳಿ. ದೇವಿಮನೆ ಘಟ್ಟದಲ್ಲಿ ಗುಡ್ಡ ಕುಸಿದು ರಸ್ತೆ ಬಂದ್ ಆಗಿತ್ತು ಎನ್ನುವವರಿದ್ದಾರೆ. ಅದು ಆ ಒಂದೆರಡು ದಿನದ ಕಾರಣವಾದೀತು, ಎರಡು ತಿಂಗಳದ್ದಲ್ಲ. ತೋಟದ ಕೆಲಸ ಜಾಸ್ತಿ ಇತ್ತು ಎಂದಂತೂ ಬರೆಯಬೇಡಿ.

ವಕೀಲರ ತಪ್ಪಿಗೆ ಕಕ್ಷಿದಾರ ನರಳಬಾರದು ಎಂದು ಸುಪ್ರೀಂ ಕೋರ್ಟ್ 1981ರಲ್ಲೇ ರಫೀಕ್ ವಿರುದ್ಧ ಮುನ್ಷಿಲಾಲ್ ಪ್ರಕರಣದಲ್ಲಿ ಹೇಳಿದೆ. ಅದೊಂದನ್ನೇ ನಂಬಿ ಕೂರಬೇಡಿ. ಕೇಸು ಏನಾಯಿತು ಎಂದು ನೀವು ವಿಚಾರಿಸಿದ್ದಿರಾ ಎಂಬುದನ್ನೂ ಕೋರ್ಟು ನೋಡುತ್ತದೆ. ಸುಮ್ನೆ ವಕೀಲರನ್ನು ಬೈಯುವುದಕ್ಕಿಂತ, ಅವತ್ತು ಯಾಕೆ ಬರಲಿಲ್ಲ ಎಂದು ಅವರಿಂದಲೇ ಒಂದು ಅಫಿಡವಿಟ್ ಪಡೆದರೆ ಹೆಚ್ಚು ಉಪಯೋಗ ಎಂಬುದು ನನ್ನ ಅಭಿಪ್ರಾಯ.

ಬೇಲಿಯ ವಿಷಯ ಅವಸರದ್ದು. ಅಪೀಲು ಬಿದ್ದ ದಿನವೇ ಮಧ್ಯಂತರ ಆದೇಶವೂ ಬಿತ್ತು. ಹಾಗಾಗಿ ಪಕ್ಕದವರು ಕೋರ್ಟಿನ ಆದೇಶ ಮುರಿದರು ಎಂದು ದೂರುವಂತಿಲ್ಲ. ಹೊಸ ಅರ್ಜಿಯ ಜೊತೆಗೇ ಯಥಾಸ್ಥಿತಿ ಕೇಳಿ. ಕಂಬಗಳ ಫೋಟೊ ಇವತ್ತೇ ತೆಗೆದಿಡಿ.

ಅರ್ಜಿ ತಿರಸ್ಕಾರವಾದರೆ, ಆ ತಿರಸ್ಕಾರದ ಮೇಲೆ ಅದೇ ಸಂಹಿತೆಯ 43ನೇ ಆದೇಶದಂತೆ ಮೇಲಿನ ಕೋರ್ಟಿಗೆ ಅಪೀಲು ಇದೆ. ಇನ್ನು ಮುಂದೆ ಇ-ಕೋರ್ಟ್ಸ್ ಆ್ಯಪಿನಲ್ಲಿ ಕೇಸಿನ 16 ಅಕ್ಷರ-ಅಂಕಿಗಳ ಸಿಎನ್‌ಆರ್ ನಂಬರ್ ಹಾಕಿ ವಾಯಿದೆ ತಾರೀಖು ನೀವೇ ನೋಡಿಕೊಳ್ಳಿ. ಅಪ್ಪನಿಗೆ ಆಗದಿದ್ದರೆ ನಿಮ್ಮ ಫೋನಿನಲ್ಲಿ ಹಾಕಿಕೊಳ್ಳಿ.