ಮೊದಲ ಕಾರ್ಟೂನ್ ಚಿತ್ರವನ್ನು ಕಪ್ಪು ಹಲಗೆಯ ಮೇಲೆ ಬರೆದಿದ್ದರೇ?

ಇಲ್ಲ, ಅದರಲ್ಲಿ ಸೀಮೆಸುಣ್ಣದ ಪುಡಿಯೂ ಇಲ್ಲ. ಸಾಮಾನ್ಯವಾಗಿ ಮೊದಲ ಕಾರ್ಟೂನ್ ಚಿತ್ರ ಎನ್ನಲಾಗುವ 1908ರ ‘ಫ್ಯಾಂಟಸ್ಮಗೋರಿ’ಯನ್ನು ಫ್ರಾನ್ಸಿನ ಎಮಿಲ್ ಕೋಲ್ ಬರೆದದ್ದು ಬಿಳಿ ಹಾಳೆಯ ಮೇಲೆ, ಕಪ್ಪು ಗೆರೆಗಳಲ್ಲಿ. ತೆರೆಗೆ ಬಂದದ್ದು ಅದರ ನೆಗೆಟಿವ್ ರೂಪ: ಹಾಳೆ ಕಪ್ಪಾಯಿತು, ಗೆರೆ ಬೆಳ್ಳಗಾಯಿತು. ಒಟ್ಟಿನಲ್ಲಿ ಹಲಗೆಯ ವೇಷ ತೊಟ್ಟ ಕಾಗದ!

ಎರಡು ವರ್ಷ ಮೊದಲು ಅಮೆರಿಕದಲ್ಲಿ ಸ್ಟುವರ್ಟ್ ಬ್ಲ್ಯಾಕ್‌ಟನ್ ನಿಜವಾದ ಹಲಗೆಯ ಮೇಲೆಯೇ ಮುಖಗಳನ್ನು ಬರೆದು ಕುಣಿಸಿದ್ದ. ಆದರೆ ಹಲಗೆಯಲ್ಲೊಂದು ತಾಪತ್ರಯವಿದೆ. ಕೈಯನ್ನು ತುಸು ಮೇಲೆತ್ತಿಸಬೇಕಾದರೆ ಹಳೆಯ ಕೈಯನ್ನು ಒರೆಸಬೇಕು; ಒರೆಸಿದ ಮೇಲೆ ಅದು ಎಲ್ಲಿತ್ತೆಂದು ಹೇಳುವವರಾರು? ಕೋಲ್ ಕೆಳಗಿನಿಂದ ಬೆಳಕು ಬೀಳುವ ಗಾಜಿನ ಮೇಲೆ ಹಾಳೆಯಿಟ್ಟು, ಹಿಂದಿನ ಚಿತ್ರವನ್ನು ನೋಡುತ್ತಲೇ ಕೂದಲೆಳೆಯಷ್ಟು ಸರಿಸಿ ಮುಂದಿನದನ್ನು ಬರೆದ. ಹೀಗೆ ಸುಮಾರು 700 ಚಿತ್ರಗಳು, ಪ್ರತಿಯೊಂದಕ್ಕೂ ಎರಡು ಬಾರಿ ಕ್ಯಾಮೆರಾ ಕ್ಲಿಕ್. ಫಲ, ಎರಡು ನಿಮಿಷವೂ ತುಂಬದ ಸಿನಿಮಾ.

ಇಷ್ಟೆಲ್ಲ ತಪಸ್ಸು ಯಾವ ಘನಕಾರ್ಯಕ್ಕೆ ಎನ್ನುತ್ತೀರಾ? ಸಿನಿಮಾದೊಳಗಿನ ಚಿತ್ರಮಂದಿರದಲ್ಲಿ ದೊಡ್ಡ ಟೋಪಿಯ ಹೆಂಗಸೊಬ್ಬಳು ಎದುರಿಗೆ ಬಂದು ಕೂರುತ್ತಾಳೆ. ಹಿಂದಿನ ಸಾಲಿನ ಮಹಾಶಯ ತೆರೆ ಕಾಣದೆ ಚಡಪಡಿಸಿ, ಟೋಪಿಯ ಗರಿಗಳನ್ನು ಒಂದೊಂದಾಗಿ ಕೀಳತೊಡಗುತ್ತಾನೆ.