ಗಂಟಲು ಕಟ್ಟುವುದು ಸಹಜವಲ್ಲ, ಮೊದಲು ಶ್ರುತಿ ಇಳಿಸಿ

ಬೆಂಗಳೂರಿನ ಕೆಲಸ ಬಿಟ್ಟು ಪೂರ್ಣಾವಧಿಗೆ ಆಲ್ಟರ್ನೇಟಿವ್ ರಾಕ್ ಹಾಡಲು ಹೊರಡಬಹುದೇ ಎಂದು ಗೋಣಿಕೊಪ್ಪಲಿನವರಾದ ನೀವು ಕೇಳಿದ್ದೀರಿ. ಆ ಪ್ರಶ್ನೆಗಿಂತ, ಕಾರ್ಯಕ್ರಮದ ಮರುದಿನ ಗಂಟಲು ಕಟ್ಟುತ್ತದೆ, ಅದೇನು ಎಲ್ಲರಿಗೂ ಆಗುವುದೇ ಎಂದು ನೀವು ನಡುವೆ ಹಗುರವಾಗಿ ಬರೆದ ಸಾಲು ನನ್ನನ್ನು ತಡೆದು ನಿಲ್ಲಿಸಿತು. ಒಂದು ಕಾಲದಲ್ಲಿ ನಾನೂ ಇದೇ ಮಾತನ್ನು ಇಷ್ಟೇ ಧೈರ್ಯದಿಂದ ಹೇಳುತ್ತಿದ್ದೆ.

ಸೋಮವಾರಪೇಟೆಯ ಬಳಿ ನಮ್ಮದು ಸಣ್ಣ ಕಾಫಿ ತೋಟ. ಹೈಸ್ಕೂಲಿನಲ್ಲಿದ್ದಾಗ ಕಾಫಿ ಮೂಟೆ ಇಡುವ ಕೋಣೆಯಲ್ಲಿ ಕುಳಿತು ಗಿಟಾರ್ ಕಲಿತೆ. ಮಳೆಗಾಲದಲ್ಲಿ ತಂತಿಗಳಿಗೆ ಬಲುಬೇಗ ತುಕ್ಕು ಹಿಡಿದು ಬೆರಳ ತುದಿ ಕಂದಾಗುತ್ತಿತ್ತು. ನನಗಿದ್ದ ಗುರು ಒಂದೇ ಒಂದು ಕ್ಯಾಸೆಟ್, ಅಮೆರಿಕದ ರಾಕ್ ತಂಡ ನಿರ್ವಾಣ 1993ರ ನವೆಂಬರಿನಲ್ಲಿ ನ್ಯೂಯಾರ್ಕಿನಲ್ಲಿ ನಡೆಸಿದ ಅಕೌಸ್ಟಿಕ್ ಕಾರ್ಯಕ್ರಮದ್ದು. ಅದರ ಜೊತೆ ನುಡಿಸಿದಾಗಲೆಲ್ಲ ನನ್ನ ಗಿಟಾರ್ ಸ್ವಲ್ಪ ಮೇಲಿನ ಶ್ರುತಿಯಲ್ಲಿ ಕೇಳುತ್ತಿತ್ತು. ಟೇಪ್ ರೆಕಾರ್ಡರಿನ ಸೆಲ್ ಇಳಿದಿರಬೇಕೆಂದು ಹೊಸ ಸೆಲ್ ಹಾಕಿ ನೋಡಿದೆ, ಆಗಲೂ ಕೂಡಲಿಲ್ಲ. ಆ ತಂಡದ ಗಾಯಕ ಕರ್ಟ್ ಕೊಬೇನ್ ತನ್ನ ಗಿಟಾರನ್ನು ಅರ್ಧ ಸ್ವರ ಇಳಿಸಿಕೊಂಡು ಹಾಡಿದ್ದರು ಎಂಬುದು ನನಗೆ ತಿಳಿಯುವ ಹೊತ್ತಿಗೆ ಹನ್ನೆರಡು ವರ್ಷ ಕಳೆದಿತ್ತು, ನನ್ನ ಧ್ವನಿ ಹೋಗಿತ್ತು.

2009ರಲ್ಲಿ ಬೆಂಗಳೂರಿನಲ್ಲಿ ನಾಲ್ವರು ಸೇರಿ ತಂಡ ಕಟ್ಟಿದೆವು. ಹಾಡುವುದೂ ಗಿಟಾರ್ ನುಡಿಸುವುದೂ ನನ್ನ ಪಾಲಿನದಾಗಿತ್ತು. ತಪ್ಪಾದದ್ದು ಎಲ್ಲಿ ಎಂಬುದನ್ನು ಬಿಡಿಸಿ ಹೇಳುತ್ತೇನೆ, ಏಕೆಂದರೆ ಗಿಟಾರ್ ಹಿಡಿದು ಹಾಡುವವರೆಲ್ಲ ಎಡವುವುದು ಇಲ್ಲೇ ಎಂದು ನಾನು ನಂಬಿದ್ದೇನೆ. ನಾನು ಹಾಡು ಕಟ್ಟುತ್ತಿದ್ದದ್ದು ಕೈಯಿಂದ, ಗಂಟಲಿನಿಂದಲ್ಲ. ಗಿಟಾರಿನ ದಪ್ಪ ಇ ತಂತಿಯನ್ನು ಒತ್ತದೆ ಹಾಗೇ ಮೀಟಿದರೆ ಕೋಣೆಯೇ ಮೊಳಗುತ್ತದೆ, ಆದ್ದರಿಂದ ಪ್ರತಿ ಹಾಡೂ ಆ ತಂತಿಯ ಮೇಲೆಯೇ ಹುಟ್ಟಿತು, ಪಲ್ಲವಿ ಎಲ್ಲಿಗೆ ಏರಬೇಕೆಂಬುದನ್ನೂ ಅದೇ ತೀರ್ಮಾನಿಸಿತು. ಹೀಗೆ ನಮ್ಮ ಮುಖ್ಯ ಹಾಡಿನ ಪಲ್ಲವಿ 440 ಹರ್ಟ್ಸಿನ ಎ ಸ್ವರದಲ್ಲಿ ಹೋಗಿ ನಿಂತಿತು. ಅಂದರೆ ಆ ಸ್ವರ ಹಿಡಿದಾಗ ಗಂಟಲಿನ ಸ್ವರತಂತುಗಳು ಸೆಕೆಂಡಿಗೆ 440 ಬಾರಿ ಒಂದನ್ನೊಂದು ಬಡಿಯುತ್ತವೆ, ನಾಲ್ಕು ಸೆಕೆಂಡು ಹಿಡಿದರೆ 1,760 ಬಾರಿ. ಅದರ ಮೇಲೆ ಆ ಸಾಲು ಮುಗಿಯುತ್ತಿದ್ದದ್ದು 'ಇ'ಕಾರದಲ್ಲಿ. 'ಆ' ಎಂದರೆ ಬಾಯಿ ತೆರೆಯುತ್ತದೆ, ಮೇಲಿನ ಸ್ಥಾಯಿಯಲ್ಲಿ 'ಈ' ಎಂದೆಳೆದರೆ ನನ್ನ ಗಂಟಲು ಹಿಸುಕಿದಂತಾಗುತ್ತಿತ್ತು. ಒಂದು ಸ್ವರ ಇಳಿಸಿ ಹಾಡಿದರೆ ಬಡಿತದ ಎಣಿಕೆ 392ಕ್ಕೆ ಇಳಿಯುತ್ತದಷ್ಟೇ, ಆದರೆ ನನ್ನ ಗಂಟಲು ಅಲ್ಲಿ ಹಿಸುಕದೆ ಹಾಡುತ್ತದೆ. ಶ್ರುತಿ ಇಳಿಸಿದರೆ ಹಾಡಿನ ಕಸುವು ಹೋಗುತ್ತದೆಂದು ನಾನೇ ಹಠ ಹಿಡಿದೆ, ತಂಡದವರು ಯಾರೂ ನನ್ನನ್ನು ಒತ್ತಾಯಿಸಿರಲಿಲ್ಲ.

ಅಭ್ಯಾಸದ ಕೋಣೆಯಲ್ಲಿ ನನ್ನ ಧ್ವನಿ ನನಗೇ ಕೇಳುವಂತೆ ಮಾನಿಟರ್ ಸ್ಪೀಕರ್ ಇರಲಿಲ್ಲ. ಸುತ್ತ ಗದ್ದಲವಿದ್ದರೆ ಮನುಷ್ಯ ತನಗರಿವಿಲ್ಲದೆ ದನಿ ಏರಿಸುತ್ತಾನೆ, 1911ರಲ್ಲಿ ಇದನ್ನು ವಿವರಿಸಿದ ಫ್ರೆಂಚ್ ವೈದ್ಯರ ಹೆಸರಿನಿಂದ ಇದಕ್ಕೆ ಲೊಂಬಾರ್ಡ್ ಪರಿಣಾಮ ಎನ್ನುತ್ತಾರೆ. ಡ್ರಮ್ಸಿನ ಪಕ್ಕದಲ್ಲಿ ನಾನು ಹಾಡುತ್ತಿರಲಿಲ್ಲ, ಕೂಗುತ್ತಿದ್ದೆ. 2011ರ ಅಕ್ಟೋಬರ್ 30ರಂದು ಅರಮನೆ ಮೈದಾನದಲ್ಲಿ ಮೆಟಾಲಿಕಾ ತಂಡವನ್ನು ನೋಡಿ ಬಂದ ಮೇಲಂತೂ ಇನ್ನಷ್ಟು ಕೂಗಬೇಕೆಂದು ನಿಶ್ಚಯಿಸಿದೆ. ಆ ವೇದಿಕೆಯ ಮೇಲಿದ್ದ ಅವರ ಗಾಯಕ ಜೇಮ್ಸ್ ಹೆಟ್‌ಫೀಲ್ಡ್ 1990ರ ದಶಕದ ಆರಂಭದಲ್ಲೇ ಧ್ವನಿ ಕೆಡಿಸಿಕೊಂಡು, ಶಿಕ್ಷಕರ ಬಳಿ ಹೋಗಿ ಹಾಡುವುದನ್ನು ಹೊಸದಾಗಿ ಕಲಿತವರು ಎಂಬುದು ನನಗೆ ಗೊತ್ತಿರಲಿಲ್ಲ.

ಮರುವರ್ಷದ ಜನವರಿಯಲ್ಲಿ ಒಂದೇ ವಾರಕ್ಕೆ ಮೂರು ಕಾರ್ಯಕ್ರಮಗಳನ್ನು ಒಪ್ಪಿಕೊಂಡೆವು. ಮೊದಲ ರಾತ್ರಿಯೇ ಧ್ವನಿ ಒಡೆಯಿತು. ಗಂಟಲನ್ನು ಮರಗಟ್ಟಿಸುವ ಮಾತ್ರೆ ಚೀಪುತ್ತ, ಹಗಲೆಲ್ಲ ಪಿಸುಗುಟ್ಟುತ್ತ ಎರಡನೆಯದನ್ನೂ ಮುಗಿಸಿದೆ. ಪಿಸುಮಾತೂ ಗಂಟಲಿಗೆ ಶ್ರಮವೇ, ನೋವು ಕಾಣದಂತೆ ಮಾಡುವ ಮಾತ್ರೆ ಇನ್ನೂ ಅಪಾಯ. ಮೂರನೆಯ ರಾತ್ರಿ ಪಲ್ಲವಿಗೆ ಬಾಯಿ ತೆರೆದರೆ ಗಾಳಿ ಮಾತ್ರ ಬಂತು. ಗಿಟಾರ್ ನುಡಿಯುತ್ತಲೇ ಇತ್ತು.

ಮೈಸೂರಿನ ಅಖಿಲ ಭಾರತ ವಾಕ್ ಶ್ರವಣ ಸಂಸ್ಥೆಯಲ್ಲಿ ಕ್ಯಾಮೆರಾ ಇಳಿಸಿ ತೋರಿಸಿದರು. ಎರಡೂ ಸ್ವರತಂತುಗಳ ಅಂಚಿನಲ್ಲಿ, ಎದುರುಬದುರಾಗಿ, ಅಕ್ಕಿ ನುಚ್ಚಿನಂಥ ಗಂಟುಗಳು. ಶಸ್ತ್ರಚಿಕಿತ್ಸೆ ಬೇಡ, ಅಭ್ಯಾಸದಿಂದ ಸರಿಪಡಿಸೋಣ ಎಂದರು. ಲೋಟದ ನೀರಿಗೆ ಸ್ಟ್ರಾ ಅದ್ದಿ, 'ಊ' ಎನ್ನುತ್ತ ಗುಳ್ಳೆ ಎಬ್ಬಿಸುವುದನ್ನು ಏಳು ತಿಂಗಳು ಮಾಡಿದೆ. ತೋಟದಲ್ಲಿ ಆಳುಗಳನ್ನು ಕರೆಯಬೇಕಾದರೆ ಅಪ್ಪ ನನ್ನ ಪರವಾಗಿ ಕೂಗುತ್ತಿದ್ದರು. ಅಷ್ಟರಲ್ಲಿ ತಂಡದವರು ಬೇರೊಬ್ಬ ಗಾಯಕನನ್ನು ಕರೆದುಕೊಂಡರು, ನಾನು ಬರೆದ ಹಾಡುಗಳನ್ನು ಅವನ ಧ್ವನಿಯಲ್ಲಿ ಧ್ವನಿಮುದ್ರಿಸಿದರು. ಅವರ ಮೇಲೆ ನನಗೆ ಕೋಪವಿಲ್ಲ. ಆ ಮುಖ್ಯ ಹಾಡನ್ನು ಅವನಿಗಾಗಿ ಒಂದೂವರೆ ಸ್ವರ ಇಳಿಸಿದ್ದರೆಂದು ಕೇಳಿದಾಗ ಮಾತ್ರ ಬಹಳ ನೊಂದೆ.

ಆದ್ದರಿಂದ ಕೆಲಸ ಬಿಡುವುದೋ ಇಟ್ಟುಕೊಳ್ಳುವುದೋ ಎಂಬ ನಿಮ್ಮ ಪ್ರಶ್ನೆಯನ್ನೇ ನಾನು ಒಪ್ಪುವುದಿಲ್ಲ. ಮರುದಿನ ಕಟ್ಟುವ ಗಂಟಲಿಟ್ಟುಕೊಂಡು ಪೂರ್ಣಾವಧಿಗೆ ಹೋದರೆ ವಾರಕ್ಕೆ ಒಂದು ಇದ್ದ ಕಾರ್ಯಕ್ರಮ ಮೂರಾಗುತ್ತದೆ, ಹೋಗದಿದ್ದರೂ ಗಂಟು ಬೆಳೆಯಲು ವಾರದ ಆ ಒಂದೇ ಕಾರ್ಯಕ್ರಮ ಸಾಕು. ಕೆಲಸ ಸದ್ಯಕ್ಕೆ ಇರಲಿ, ಚಿಕಿತ್ಸೆಗೆ ರಜೆಯೂ ಹಣವೂ ಬೇಕಾದೀತು. ಎರಡು ವಾರ ಕಳೆದರೂ ಧ್ವನಿ ಒರಟಾಗಿಯೇ ಇದ್ದರೆ ಯಾರ ಕಷಾಯವನ್ನೂ ನೆಚ್ಚದೆ ವೈದ್ಯರಿಗೆ ತೋರಿಸಿ.

ಮುಂದಿನ ಸಲ ಊರಿಗೆ ಬಂದಾಗ ಬೆಳಿಗ್ಗೆ ಎದ್ದು ಒಂದು ಗಂಟೆ ಕಳೆದ ಮೇಲೆ, ಗಿಟಾರ್ ಮುಟ್ಟದೆ, ನಿಮ್ಮ ಅತಿ ಕಷ್ಟದ ಪಲ್ಲವಿಯನ್ನು ಮಾತಾಡುವಷ್ಟೇ ದನಿಯಲ್ಲಿ ಹಾಡಿ. ಅದು ಸಲೀಸಾಗಿ ನಿಂತ ಶ್ರುತಿಯನ್ನು ಗುರುತು ಹಾಕಿಕೊಂಡು ಗಿಟಾರನ್ನು ಅಲ್ಲಿಗೆ ಇಳಿಸಿ. ತಂತಿಗಳು ಸಡಿಲವಾಗಿ ಗಿಟಾರಿನ ಕತ್ತಿನ ಮೇಲಿನ ಲೋಹದ ಪಟ್ಟಿಗೆ, ಅಂದರೆ ಫ್ರೆಟ್ಟಿಗೆ, ತಾಗಿ ಗರಗರ ಎನ್ನುತ್ತವೆ, ಅದಕ್ಕೆ ಹತ್ತರ ಸೆಟ್ ತೆಗೆದು, ತುಸು ದಪ್ಪ ತಂತಿಗಳ ಹನ್ನೊಂದರದ್ದು ಹಾಕಿ.